ಗೋಡೆಗೆ ಅಂಟಿಸಿದ ಮದುವೆ

ಅಪ್ಪನ ಜೊತೆ ಇ.ಸಿ. ತೆಗೆಸೋಕೆ ಸಬ್ ರಿಜಿಸ್ಟ್ರಾರ್ ಆಫೀಸಿಗೆ ಹೋಗಿದ್ದೆ. ಗೋಡೆ ಮೇಲೆ ಒಂದು ನೋಟೀಸು. ಒಂದು ಹುಡುಗ, ಒಂದು ಹುಡುಗಿ. ಹೆಸರು, ವಯಸ್ಸು, ಊರು. ಓದೋಕೆ ಬಾರದ ಅಪ್ಪ ‘ಏನ್ಲಾ ಅದು?’ ಅಂದ. ಹೇಳಿದೆ. ‘ಹಂಗಾದ್ರೆ ಅವ್ರ ಊರೋರ್ಗೆ ಗೊತ್ತಾಗಲ್ವೇನ್ಲಾ?’ ಅಂದ. ಆ ಪ್ರಶ್ನೆಯ ಬೆನ್ನು ಹತ್ತಿ ಹೋದರೆ ಒಂದು ಚರಿತ್ರೆಯೇ ಸಿಗುತ್ತದೆ.

ಹನ್ನೆರಡನೇ ಶತಮಾನದ ಕಲ್ಯಾಣದ ಕತೆ ನಮಗೆಲ್ಲ ಗೊತ್ತು. ಸಮಗಾರ ಹರಳಯ್ಯನ ಮಗನಿಗೆ, ಬ್ರಾಹ್ಮಣನಾಗಿದ್ದ ಮಧುವರಸನ ಮಗಳನ್ನು ಕೊಟ್ಟರು. ಪರಂಪರೆ ಹೇಳುವಂತೆ, ಅದಕ್ಕೆ ಅಪ್ಪಂದಿರಿಗೆ ಸಿಕ್ಕಿದ್ದು ಎಳೆಹೂಟೆ ಶಿಕ್ಷೆ. ಗಮನಿಸಿ: ಅಲ್ಲಿ ಎರಡೂ ಮನೆಯವರು ಒಪ್ಪಿದ್ದರು. ಒಪ್ಪದಿದ್ದುದು ಜಾತಿ, ಅದರ ಬೆನ್ನಿಗೆ ನಿಂತ ಅರಮನೆ. ಇವತ್ತು ‘ಮನೆಯವರ ವಿರೋಧ’ ಅಂತೀವಲ್ಲ, ಆ ಮನೆಯೊಳಗೆ ಮಾತಾಡ್ತಿರೋದೂ ಅದೇ ಜಾತಿ.

ಬ್ರಹ್ಮ ಸಮಾಜದವರ ಒತ್ತಾಯದಿಂದ 1872ರಲ್ಲಿ ಬ್ರಿಟಿಷ್ ಸರ್ಕಾರ ಸಿವಿಲ್ ಮದುವೆಯ ಕಾಯಿದೆ ತಂತು. ಆದರೆ ಮದುವೆಯಾಗುವವರು ‘ನಾನು ಹಿಂದೂ ಅಲ್ಲ, ಮುಸ್ಲಿಂ ಅಲ್ಲ, ಕ್ರೈಸ್ತ ಅಲ್ಲ’ ಅಂತ ಬರೆದುಕೊಡಬೇಕಿತ್ತು. 21 ತುಂಬದಿದ್ದರೆ ಅಪ್ಪನ ಅಥವಾ ಪೋಷಕರ ಒಪ್ಪಿಗೆ ಬೇಕು. ಹದಿನಾಲ್ಕು ದಿನ ಮೊದಲೇ ನೋಟೀಸು; ಆ ಪುಸ್ತಕವನ್ನು ಯಾರು ಬೇಕಾದರೂ ತೆರೆದು ನೋಡಬಹುದು. ಅಪ್ಪ ಕಂಡ ಗೋಡೆಯ ಬುನಾದಿ ಇದು.

1936ರಲ್ಲಿ ಬಾಬಾಸಾಹೇಬರನ್ನು ಭಾಷಣಕ್ಕೆ ಕರೆದಿದ್ದ ಲಾಹೋರಿನ ಜಾತ್-ಪಾತ್-ತೋಡಕ್ ಮಂಡಲ, ಬರೆದುಕೊಂಡದ್ದನ್ನು ಓದಿ ಬೆದರಿ ಸಭೆಯನ್ನೇ ರದ್ದು ಮಾಡಿತು. ಅವರು ಅದನ್ನು ತಾವೇ ಅಚ್ಚು ಹಾಕಿಸಿದರು. ಅದೇ ‘ಜಾತಿ ವಿನಾಶ’. ಸಹಭೋಜನದಿಂದ ಜಾತಿ ಸಾಯೋಲ್ಲ, ರಕ್ತ ಬೆರೆಯಬೇಕು. ಅದು ಬೆರೆಯದಂತೆ ತಡೆದಿರುವ ಶಾಸ್ತ್ರದ ಮೇಲಿನ ನಂಬಿಕೆ ಮೊದಲು ಹೋಗಬೇಕು ಅಂದರು.

ಸ್ವಾತಂತ್ರ್ಯ ಬಂತು. 1949ರಲ್ಲಿ ಅಂತರಜಾತಿ ಹಿಂದೂ ಮದುವೆಗಳು ಸಿಂಧು ಎಂದು ಕಾನೂನಾಯಿತು. 1954ರ ವಿಶೇಷ ವಿವಾಹ ಕಾಯಿದೆಯಲ್ಲಿ ಧರ್ಮ ಬಿಡಬೇಕಾಗಿಲ್ಲ. ಆದರೆ ನೋಟೀಸು ಉಳಿಯಿತು. ಹದಿನಾಲ್ಕು ಹೋಗಿ ಮೂವತ್ತು ದಿನ ಆಯಿತು! ಸ್ವಂತ ಊರು ಬೇರೆ ಜಿಲ್ಲೆಯಲ್ಲಿದ್ದರೆ ಅಲ್ಲಿಗೂ ಒಂದು ಪ್ರತಿ ಹೋಗಿ ಗೋಡೆ ಏರುತ್ತದೆ. ತಕರಾರಿಗೆ ಕಾರಣ ಇಷ್ಟೇ: ವಯಸ್ಸು, ಮೊದಲ ಮದುವೆ, ಬುದ್ಧಿಸ್ವಾಸ್ಥ್ಯ, ನಿಷಿದ್ಧ ಸಂಬಂಧ. ಜಾತಿ ಅದರಲ್ಲಿಲ್ಲ. ಅಪ್ಪ-ಅಮ್ಮನ ಸಿಟ್ಟೂ ಇಲ್ಲ. ಆದರೆ ಮಚ್ಚು ಹಿಡಿದು ಬರುವವನು ತಕರಾರು ಅರ್ಜಿ ಬರೀತಾನಾ? ಅವನಿಗೆ ಬೇಕಾದ್ದು ವಿಳಾಸ. ವಿಚಿತ್ರ ನೋಡಿ: 1955ರ ಹಿಂದೂ ವಿವಾಹ ಕಾಯಿದೆಯಲ್ಲಿ ಪುರೋಹಿತನ ಮುಂದೆ ಸಪ್ತಪದಿ ತುಳಿದರೆ ಈ ನೋಟೀಸಿಲ್ಲ. ಪುರೋಹಿತ ಬೇಡ ಅಂದು ಸರ್ಕಾರದ ಮುಂದೆ ನಿಂತವರಿಗೆ, ಧರ್ಮ ದಾಟಿದವರಿಗೆ ಮೂವತ್ತು ದಿನ.

2021ರ ಜನವರಿಯಲ್ಲಿ ಅಲಹಾಬಾದ್ ಹೈಕೋರ್ಟು ಈ ನೋಟೀಸು ಪ್ರಕಟಿಸುವುದು ಜೋಡಿಯ ಇಚ್ಛೆಗೆ ಬಿಟ್ಟದ್ದು ಅಂದಿತು. ಫೆಬ್ರವರಿಯಲ್ಲಿ ಸುಪ್ರೀಂ ಕೋರ್ಟಿಗೆ ಹೋದದ್ದು ನಮ್ಮ ಬೆಳಗಾವಿ ಜಿಲ್ಲೆಯದೇ ಕೇಸು. ಮಗಳು ಕಾಣೆಯಾಗಿದ್ದಾಳೆಂದು ಅಪ್ಪನ ದೂರು. ಮದುವೆಯಾಗಿದ್ದೇನೆ ಅಂದರೂ ಠಾಣೆಗೇ ಬಾ ಎಂಬ ಪೋಲೀಸರ ಒತ್ತಾಯ. ಇಬ್ಬರು ವಯಸ್ಕರು ಒಪ್ಪಿದ ಮೇಲೆ ಮನೆಯವರ, ಕುಲದವರ ಒಪ್ಪಿಗೆ ಬೇಕಿಲ್ಲ ಅಂತು ಕೋರ್ಟು. ತೀರ್ಪಿನಲ್ಲಿ ನೆನೆದದ್ದು, ಲಾಹೋರಿನವರು ಕೇಳಲೊಲ್ಲದ ಅದೇ ಭಾಷಣವನ್ನು.

ಮೇಷ್ಟ್ರುಗಳೇ, ಗೆಳೆಯರೇ, ಹಕ್ಕು ಪುಸ್ತಕದಲ್ಲಿದೆ. ಮಗಳು ಹದಿನೆಂಟು, ಮಗ ಇಪ್ಪತ್ತೊಂದು ದಾಟಿದ್ದರೆ ತೀರ್ಮಾನ ಅವರದು. ಜೀವಕ್ಕೆ ಅಪಾಯವಿದ್ದರೆ ರಕ್ಷಣೆ ಕೊಡುವುದು ಪೋಲೀಸರ ಕರ್ತವ್ಯವೆಂದು 2018ರಲ್ಲೇ ಸುಪ್ರೀಂ ಕೋರ್ಟು ಹೇಳಿದೆ. ಇದನ್ನು ಕೇರಿಯಲ್ಲೂ ಓದಿ ಹೇಳಿ, ಊರೊಳಗೂ ಓದಿ ಹೇಳಿ. ಅಪ್ಪನ ಪ್ರಶ್ನೆಗೆ ಇನ್ನೂ ಪೂರ್ತಿ ಉತ್ತರ ಸಿಕ್ಕಿಲ್ಲ. ಆ ಗೋಡೆಯ ಮೇಲಿದ್ದ ಇಬ್ಬರು ಮೂವತ್ತು ದಿನ ದಾಟಿದರೋ ಇಲ್ಲವೋ, ನನಗೆ ಗೊತ್ತಿಲ್ಲ.