ಮೂಳೆಯ ಸಾಕ್ಷ್ಯ: ಜಾನ್ ಕ್ಯಾಫಿಯವರ ಸಂಶೋಧನಾ ಜೀವನ

ವೈದ್ಯವಿಜ್ಞಾನದ ಚರಿತ್ರೆಯನ್ನು ಬರೆಯುವವರು ಸಾಮಾನ್ಯವಾಗಿ ಹೊಸ ಔಷಧಗಳ, ಹೊಸ ರೋಗಾಣುಗಳ ಶೋಧವನ್ನು ಕಾಲಾನುಕ್ರಮದಲ್ಲಿ ನಿರೂಪಿಸುತ್ತ ಹೋಗುವುದುಂಟು. ಆದರೆ ಕೆಲವು ವಿಷಯಗಳಲ್ಲಿ ಶೋಧಿಸಬೇಕಾದ ಸಂಗತಿ ಎಲ್ಲರ ಕಣ್ಣೆದುರಿಗೇ ಇದ್ದು, ಅದನ್ನು ಕಂಡೆವೆಂದು ಒಪ್ಪಿಕೊಳ್ಳುವುದಕ್ಕೇ ದಶಕಗಳು ಹಿಡಿದಿವೆ. ಮನೆಯೊಳಗೆ ಹಿರಿಯರ ಕೈಯಿಂದ ಎಳೆಯ ಮಕ್ಕಳಿಗೆ ಆಗುವ ಪೆಟ್ಟುಗಳು ವೈದ್ಯಶಾಸ್ತ್ರದ ವಿಷಯವಾಗಿ ಅಂಗೀಕೃತವಾದ ಬಗೆ ಇಂಥದು. ಅಮೆರಿಕದ ಜಾನ್ ಕ್ಯಾಫಿ (1895-1978) ಎಂಬ ವೈದ್ಯರ ಸಂಶೋಧನಾ ಜೀವನವನ್ನು ಈ ದೃಷ್ಟಿಯಿಂದ ಪರಿಶೀಲಿಸುವುದು ಪ್ರಸ್ತುತ ಲೇಖನದ ಉದ್ದೇಶ. ನಮ್ಮ ಪ್ರಶ್ನೆ ಇಷ್ಟೆ: 1946ರಲ್ಲಿ ಅವರು ಮುಂದಿಟ್ಟ ಪ್ರಮಾಣಗಳಿಂದ ಹೊರಡಬೇಕಾಗಿದ್ದ ನಿರ್ಣಯ 1962ರವರೆಗೆ ತಡೆದು ನಿಂತುದೇಕೆ?

ಈ ವಿಷಯವನ್ನು ಮೊದಲು ಕಂಡವರು ಕ್ಯಾಫಿಯವರಲ್ಲ. ಪ್ಯಾರಿಸ್ಸಿನ ನ್ಯಾಯವೈದ್ಯ ಆಂಬ್ರ್ವಾಜ್ ತಾರ್ದ್ಯೂ 1860ರಲ್ಲಿಯೇ ಹಿರಿಯರ ಕ್ರೌರ್ಯಕ್ಕೆ ತುತ್ತಾದ 32 ಮಕ್ಕಳ ವೃತ್ತಾಂತವನ್ನು ಪ್ರಕಟಿಸಿದ್ದರು. ಅವರಲ್ಲಿ 18 ಮಕ್ಕಳು ಮೃತಪಟ್ಟಿದ್ದರು. ಮೈಮೇಲಿನ ಗಾಯಗಳನ್ನಲ್ಲದೆ ಮಿದುಳಿನ ಮೇಲ್ಮೈಯಲ್ಲಿ ರಕ್ತ ಹೆಪ್ಪುಗಟ್ಟಿದ್ದುದನ್ನೂ ಅವರು ವರ್ಣಿಸಿದ್ದರು. ಆದರೂ ಆ ಬರಹವನ್ನು ಮುಂದುವರಿಸಿದವರು ವಿರಳ. ಇದಕ್ಕೆ ಒಂದು ಕಾರಣ ಸ್ಪಷ್ಟವಾಗಿಯೇ ಇದೆ. ಸತ್ತ ಮಗುವಿನ ದೇಹವನ್ನು ತೆರೆದು ನೋಡಬಹುದಾಗಿತ್ತು. ಬದುಕಿರುವ ಮಗುವಿನ ಒಳಗನ್ನು ನೋಡುವ ಸಾಧನವಿರಲಿಲ್ಲ. ಮಾತು ಬಾರದ ಶಿಶುವಿನ ಪರವಾಗಿ ಮಾತನಾಡುತ್ತಿದ್ದವರು ಅದನ್ನು ಎತ್ತಿಕೊಂಡು ಬಂದವರು ಮಾತ್ರ. ಜರ್ಮನಿಯ ರೋಂಟ್‌ಜೆನ್ 1895ರ ನವೆಂಬರಿನಲ್ಲಿ ಕ್ಷ-ಕಿರಣಗಳನ್ನು ಕಂಡುಹಿಡಿದ ಮೇಲೆ ಈ ಪರಿಸ್ಥಿತಿ ಬದಲಾಗುವ ಸಾಧ್ಯತೆ ತೆರೆಯಿತು. ಅದೇ ವರ್ಷ ಯೂಟಾ ಸಂಸ್ಥಾನದ ಕ್ಯಾಸಲ್ ಗೇಟ್ ಎಂಬ ಕಲ್ಲಿದ್ದಲು ಗಣಿಯ ಊರಿನಲ್ಲಿ ಕ್ಯಾಫಿ ಹುಟ್ಟಿದರು.

ಮಿಷಿಗನ್ ವಿಶ್ವವಿದ್ಯಾನಿಲಯದಿಂದ 1919ರಲ್ಲಿ ವೈದ್ಯಪದವಿಯನ್ನು ಪಡೆದ ಕ್ಯಾಫಿಯವರು ಮೊದಲನೆಯ ಮಹಾಯುದ್ಧದಿಂದ ಜರ್ಜರಿತವಾಗಿದ್ದ ಪೂರ್ವ ಯೂರೋಪಿನ ಸರ್ಬಿಯ, ಪೋಲೆಂಡ್, ರಷ್ಯಗಳಲ್ಲಿ ಪರಿಹಾರಕಾರ್ಯದಲ್ಲಿ ತೊಡಗಿದ್ದರು. ಅನಂತರ ಮಕ್ಕಳ ವೈದ್ಯರಾಗಿ ನ್ಯೂಯಾರ್ಕಿಗೆ ಬಂದು ಅಲ್ಲಿನ ಶಿಶುಗಳ ಆಸ್ಪತ್ರೆಯನ್ನು ಸೇರಿದರು. ಆ ಆಸ್ಪತ್ರೆ 1929ರಲ್ಲಿ ಕೊಲಂಬಿಯ ವಿಶ್ವವಿದ್ಯಾನಿಲಯದ ಹೊಸ ವೈದ್ಯಕೇಂದ್ರಕ್ಕೆ ಸ್ಥಳಾಂತರಗೊಂಡಾಗ ಅದರ ಕ್ಷ-ಕಿರಣ ವಿಭಾಗದ ಹೊಣೆ ಇವರ ಪಾಲಿಗೆ ಬಂತು. ಆ ಶಾಸ್ತ್ರವನ್ನು ಅವರು ಬಹುಮಟ್ಟಿಗೆ ತಾವಾಗಿಯೇ ಅಭ್ಯಾಸ ಮಾಡಿದವರು. ಯಂತ್ರದಿಂದ ಮಗುವಿನ ಕಡೆಗೆ ಬಂದವರಲ್ಲ, ಮಗುವಿನಿಂದ ಯಂತ್ರದ ಕಡೆಗೆ ಬಂದವರು ಎಂಬುದನ್ನು ನಾವು ನೆನಪಿನಲ್ಲಿಡಬೇಕು. ಚಿತ್ರದಲ್ಲಿನ ನೆರಳು ಬೆಳೆಯುತ್ತಿರುವ ಒಂದು ಜೀವದ್ದು ಎಂಬ ಎಚ್ಚರ ಅವರನ್ನು ಬಿಟ್ಟು ಹೋಗಲಿಲ್ಲ.

ಈ ಎಚ್ಚರ ಫಲ ಕೊಟ್ಟ ಮೊದಲ ಪ್ರಸಂಗ ಥೈಮಸ್ ಗ್ರಂಥಿಗೆ ಸಂಬಂಧಿಸಿದ್ದು. ಎದೆಗೂಡಿನ ಮೇಲ್ಭಾಗದಲ್ಲಿರುವ ಈ ಗ್ರಂಥಿ ಉಬ್ಬಿದರೆ ಶಿಶುಗಳು ಹಠಾತ್ತಾಗಿ ಸಾಯುತ್ತವೆಂಬ ನಂಬಿಕೆ ಅಂದಿನ ವೈದ್ಯರಲ್ಲಿ ಬಲವಾಗಿತ್ತು. ಕ್ಷ-ಕಿರಣ ಚಿತ್ರದಲ್ಲಿ ಅದರ ನೆರಳು ಅಗಲವಾಗಿ ಕಂಡರೆ ಗ್ರಂಥಿಯನ್ನು ಕುಗ್ಗಿಸುವುದಕ್ಕೆಂದು ವಿಕಿರಣ ಚಿಕಿತ್ಸೆಯನ್ನು ಕೊಡುತ್ತಿದ್ದರು. ಆರೋಗ್ಯವಂತ ಶಿಶುಗಳಲ್ಲಿಯೂ ಈ ನೆರಳು ದೊಡ್ಡದಾಗಿರುವುದು ಸಹಜ, ಉಸಿರಾಟಕ್ಕೆ ತಕ್ಕಂತೆ ಅದು ಹಿಗ್ಗುತ್ತದೆ ಕುಗ್ಗುತ್ತದೆ, ಎಂದು ತೋರಿಸಿ ಕ್ಯಾಫಿಯವರು ಆ ಚಿಕಿತ್ಸೆಯನ್ನು ವಿರೋಧಿಸಿದರು. ಹಾಗೆ ವಿಕಿರಣಕ್ಕೆ ಒಳಗಾದ ಮಕ್ಕಳಲ್ಲಿ ಮುಂದೆ ಥೈರಾಯ್ಡ್ ಗ್ರಂಥಿಯ ಕ್ಯಾನ್ಸರ್ ಕಾಣಿಸಿಕೊಳ್ಳುವುದನ್ನು 1950ರಲ್ಲಿ ಇತರ ವೈದ್ಯರು ವರದಿ ಮಾಡಿದರು. ಸಹಜವಾವುದೆಂದು ಅರಿಯದವನು ಅಸಹಜವನ್ನು ಗುರುತಿಸಲಾರ ಎಂಬ ಈ ತತ್ತ್ವವೇ, ಮಕ್ಕಳ ಕ್ಷ-ಕಿರಣ ಪರೀಕ್ಷೆಯನ್ನು ಕುರಿತು ಅವರು 1945ರಲ್ಲಿ ಪ್ರಕಟಿಸಿದ ಬೃಹದ್ಗ್ರಂಥದ ಅಡಿಗಲ್ಲು.

ಇನ್ನು 1946ರ ಪ್ರಬಂಧಕ್ಕೆ ಬರೋಣ. ಮಿದುಳಿನ ಹೊರಪೊರೆಯ ಕೆಳಗೆ ಬಹುದಿನಗಳಿಂದ ರಕ್ತ ಸಂಗ್ರಹವಾಗಿದ್ದ 6 ಶಿಶುಗಳನ್ನು ಅವರು ಅದರಲ್ಲಿ ಪರಿಶೀಲಿಸಿದ್ದಾರೆ. ತಲೆಯ ತೊಂದರೆಗೆಂದು ಬಂದ ಈ ಶಿಶುಗಳ ಕೈಕಾಲುಗಳ ಉದ್ದ ಮೂಳೆಗಳಲ್ಲಿ ಒಟ್ಟು 23 ಮುರಿತಗಳೂ 4 ಜಜ್ಜುಗಾಯಗಳೂ ಕಂಡುಬಂದವು. ಪೆಟ್ಟು ಬಿದ್ದ ವಿಚಾರವಾಗಿ ಈ ಮುರಿತಗಳಿಗೆ ಸಮರ್ಪಕವಾದ ವಿವರಣೆ ಮನೆಯವರಿಂದ ದೊರೆತಿರಲಿಲ್ಲ. ಮೂಳೆಗಳೇ ರೋಗದಿಂದ ಶಿಥಿಲವಾಗಿದ್ದುವೇ? ಸ್ಕರ್ವಿ, ಸಿಫಿಲಿಸ್ ಮೊದಲಾದ ರೋಗಗಳನ್ನು ಅವರು ಒಂದೊಂದಾಗಿ ಪರೀಕ್ಷಿಸಿ ಬದಿಗಿರಿಸುತ್ತಾರೆ. ಮುರಿದ ಭಾಗಗಳನ್ನು ಬಿಟ್ಟರೆ ಮೂಳೆಗಳು ಆರೋಗ್ಯವಾಗಿಯೇ ಇದ್ದುವು. ಮುರಿತಗಳಾದರೂ ಒಂದೇ ದಿನ ಆದುವಲ್ಲ; ಕೆಲವು ಹಸಿಯಾಗಿದ್ದುವು, ಕೆಲವು ಕೂಡಿಕೊಳ್ಳುತ್ತಿದ್ದುವು. ಆಸ್ಪತ್ರೆಯಿಂದ ಮನೆಗೆ ಹಿಂದಿರುಗಿದ ಮೇಲೆ ಹೊಸ ಮುರಿತ ಕಾಣಿಸಿಕೊಂಡ ಪ್ರಸಂಗವೂ ಇತ್ತು. ಆದುದರಿಂದ ಈ ಮುರಿತಗಳಿಗೆ ಪೆಟ್ಟೇ ಕಾರಣವೆಂದೂ, ತಲೆಯಲ್ಲಿ ಇಂಥ ರಕ್ತಸಂಗ್ರಹವಿರುವ ಶಿಶುಗಳ ಉದ್ದ ಮೂಳೆಗಳನ್ನು, ಅಂತೆಯೇ ಕಾರಣ ತಿಳಿಯದ ಮುರಿತಗಳಿರುವ ಶಿಶುಗಳ ತಲೆಯನ್ನು, ತಪ್ಪದೆ ಪರೀಕ್ಷಿಸಬೇಕೆಂದೂ ಅವರು ವಿಧಿಸಿದರು.

ಪೆಟ್ಟು ಕೊಟ್ಟವರಾರು? ಇಲ್ಲಿ ಪ್ರಬಂಧದ ಧ್ವನಿ ತಗ್ಗುತ್ತದೆ. ಒಂದು ಶಿಶು ತಂದೆತಾಯಿಗಳಿಬ್ಬರಿಗೂ ಬೇಡವಾಗಿತ್ತೆಂದೂ, ಅದರಿಂದ ಉದ್ದೇಶಪೂರ್ವಕವಾದ ಹಿಂಸೆಯ ಪ್ರಶ್ನೆ ಏಳುತ್ತದೆಂದೂ, ಆದರೆ ಅದನ್ನು ಸಾಧಿಸುವುದಕ್ಕಾಗಲಿ ನಿರಾಕರಿಸುವುದಕ್ಕಾಗಲಿ ಆಧಾರ ಸಾಲದೆಂದೂ ಹೇಳಿ ಅವರು ಸುಮ್ಮನಾಗುತ್ತಾರೆ.

ಈ ಮೌನವನ್ನು ಅಳೆಯುವಾಗ ನಾವು ಆತುರಪಡಬಾರದು. ಇತಿಹಾಸದ ವಿದ್ಯಾರ್ಥಿಗೆ ಇದು ಪರಿಚಿತವಾದ ಸಮಸ್ಯೆಯೇ. ಐತಿಹ್ಯ ಒಂದನ್ನು ಹೇಳಿ ಶಾಸನ ಮತ್ತೊಂದನ್ನು ಹೇಳಿದರೆ ನಾವು ಶಾಸನದ ಕಡೆಗೆ ವಾಲುತ್ತೇವೆ. ಆದರೆ ಶಾಸನದ ಹೆಸರಿನ ಭಾಗವೇ ಒಡೆದುಹೋಗಿದ್ದರೆ, ಲಿಪಿಯಿಂದ ಕಾಲವನ್ನು ನಿರ್ಣಯಿಸಬಹುದೇ ಹೊರತು ಅದನ್ನು ಹಾಕಿಸಿದವನು ಇಂಥವನೇ ಎಂದು ಹೇಳಲಾಗದು. ಕ್ಯಾಫಿಯವರ ಮುಂದಿದ್ದುದು ಇಂಥ ಶಾಸನ. ತಂದೆತಾಯಿಗಳು ಹೇಳಿದ ಪೂರ್ವವೃತ್ತಾಂತಕ್ಕಿಂತ ಮೂಳೆಯ ಬರಹ ಹೆಚ್ಚು ಪ್ರಾಮಾಣಿಕವೆಂದು ಅವರು ಸ್ಥಾಪಿಸಿದರು. ಪೆಟ್ಟುಗಳ ಪೂರ್ವಾಪರವನ್ನೂ ಓದಿದರು. ಕರ್ತೃವಿನ ಹೆಸರನ್ನು ಮಾತ್ರ ಓದಲಿಲ್ಲ. ಪಾಂಡಿತ್ಯದ ದೃಷ್ಟಿಯಿಂದ ಈ ಸಂಯಮ ನಿರ್ದುಷ್ಟವಾದುದು. ಆದರೆ ಶಾಸನದ ಕಲ್ಲು ಮುಂದಿನ ಪ್ರಮಾಣಕ್ಕಾಗಿ ನೂರು ವರ್ಷ ಕಾದೀತು, ಶಿಶು ಕಾಯಲಾರದು. ಅದು ವಾಸಿಯಾಗಿ ಹಿಂದಿರುಗುತ್ತಿದ್ದುದು ಅದೇ ಮನೆಗೆ.

ಮುಂದಿನ ಹದಿನಾರು ವರ್ಷಗಳಲ್ಲಿ ಕಾಣೆಯಾಗಿದ್ದ ಭಾಗ ತುಂಬುತ್ತ ಬಂದಿತು. ಕ್ಯಾಫಿಯವರ ಶಿಷ್ಯರಾದ ಫ್ರೆಡರಿಕ್ ಸಿಲ್ವರ್‌ಮನ್ ಸಿನ್ಸಿನಾಟಿಯಿಂದ 1953ರಲ್ಲಿ ಇಂಥವೇ ಪ್ರಸಂಗಗಳನ್ನು ವರದಿ ಮಾಡಿದರು. ವುಲ್ಲಿ ಮತ್ತು ಎವನ್ಸ್ ಎಂಬ ಡೆಟ್ರಾಯಿಟಿನ ವೈದ್ಯರು 1955ರಲ್ಲಿ, ಮನೆಯ ವಾತಾವರಣದಿಂದ ಬೇರ್ಪಡಿಸಿದ ಶಿಶುಗಳಲ್ಲಿ ಹೊಸ ಮುರಿತಗಳು ಕಾಣಿಸಿಕೊಳ್ಳದೆಂದು ತೋರಿಸಿದರು. ಮೂಳೆಯ ರೋಗವೇ ಕಾರಣವಾಗಿದ್ದರೆ ಸ್ಥಳ ಬದಲಾದ ಮಾತ್ರಕ್ಕೆ ಅದು ನಿಲ್ಲಬೇಕಾದ ಕಾರಣವಿಲ್ಲವಷ್ಟೆ! ಕ್ಯಾಫಿಯವರೂ ಲಂಡನ್ನಿನ ಪತ್ರಿಕೆಯೊಂದರಲ್ಲಿ 1957ರಲ್ಲಿ ಪ್ರಕಟವಾದ ತಮ್ಮ ಉಪನ್ಯಾಸದಲ್ಲಿ ಹಿಂದಿನ ಸಂಕೋಚವನ್ನು ಬಿಟ್ಟು, ಹಿಂಸೆಗೆ ಒಳಗಾದ ಮಗುವನ್ನು ಅದರ ಪರಿಸರದಿಂದ ಬಿಡಿಸುವುದಕ್ಕೆ ಸರಿಯಾದ ರೋಗನಿರ್ಣಯವೊಂದೇ ದಾರಿಯಾಗಬಹುದೆಂದು ಹೇಳಿದರು.

ಆದರೂ ವೈದ್ಯಲೋಕ ಎಚ್ಚೆತ್ತುದು 1962ರ ಜುಲೈ ತಿಂಗಳಲ್ಲಿ. ಡೆನ್ವರ್ ನಗರದ ಹೆನ್ರಿ ಕೆಂಪ್ ತಮ್ಮ ಸಹೋದ್ಯೋಗಿಗಳೊಡನೆ ಅಮೆರಿಕದ ವೈದ್ಯಸಂಘದ ಪತ್ರಿಕೆಯಲ್ಲಿ ಪ್ರಕಟಿಸಿದ ಪ್ರಬಂಧ ಈ ಸ್ಥಿತಿಗೆ ‘ಬಡಿತಕ್ಕೊಳಗಾದ ಮಗುವಿನ ಲಕ್ಷಣಕೂಟ’ ಎಂಬ ಹೆಸರನ್ನು ಕೊಟ್ಟಿತು. ಸಿಲ್ವರ್‌ಮನ್ನರೂ ಅದರ ಕರ್ತೃಗಳಲ್ಲೊಬ್ಬರು. ಬ್ರೆಸ್ಲಾವಿನಲ್ಲಿ ಹುಟ್ಟಿ ನಾಟ್ಸಿಗಳ ಕಾಲದಲ್ಲಿ ಜರ್ಮನಿಯನ್ನು ತೊರೆದ ಕೆಂಪ್ ಸಿಡುಬಿನ ಸಂಶೋಧಕರಾಗಿಯೂ ಪ್ರಸಿದ್ಧರು. ಸಿಡುಬು ರೋಗಿಗಳ ಸಂಪರ್ಕಕ್ಕೆ ಬಂದವರನ್ನು ರಕ್ಷಿಸುವ ಬಗೆಯನ್ನು ಕುರಿತು ಅವರೂ ಅವರ ಸಂಗಡಿಗರೂ ನಮ್ಮ ನೆರೆಯ ಮದರಾಸಿನಲ್ಲಿ ನಡೆಸಿದ ಅಧ್ಯಯನ 1961ರಲ್ಲಿ ವಿಶ್ವ ಆರೋಗ್ಯ ಸಂಸ್ಥೆಯ ಪತ್ರಿಕೆಯಲ್ಲಿ ಪ್ರಕಟವಾಗಿದೆ. ಸಾಂಕ್ರಾಮಿಕ ರೋಗವನ್ನು ಎಣಿಸಿ ಅರಿಯುವ ಅಭ್ಯಾಸವನ್ನೇ ಅವರು ಇಲ್ಲಿಯೂ ಅನ್ವಯಿಸಿದಂತೆ ನಮಗೆ ತೋರುತ್ತದೆ. 71 ಆಸ್ಪತ್ರೆಗಳಿಂದ ಒಂದು ವರ್ಷಕ್ಕೆ ಸಂಬಂಧಿಸಿದ 302 ಪ್ರಸಂಗಗಳ ವಿವರ ಅವರಿಗೆ ದೊರೆಯಿತು. ಅವರಲ್ಲಿ 33 ಮಕ್ಕಳು ಸತ್ತಿದ್ದರು. 85 ಮಕ್ಕಳ ಮಿದುಳಿಗೆ ಶಾಶ್ವತವಾದ ಹಾನಿಯಾಗಿತ್ತು. ಇಂಥ ಸಂಶಯ ಬಂದಾಗ ವೈದ್ಯರು ಅಧಿಕಾರಿಗಳಿಗೆ ತಿಳಿಸಲೇಬೇಕೆಂಬ ಕಾನೂನು 1967ರ ವೇಳೆಗೆ ಅಮೆರಿಕದ 50 ಸಂಸ್ಥಾನಗಳಲ್ಲಿಯೂ ಜಾರಿಗೆ ಬಂದಿತ್ತು.

ಹಾಗಾದರೆ ಈ ಹದಿನಾರು ವರ್ಷಗಳ ವಿಳಂಬಕ್ಕೆ ಕಾರಣವೇನು? ಪ್ರಮಾಣದ ಅಭಾವವೆಂದು ಹೇಳಲಾಗದು. ಮೊದಲನೆಯದಾಗಿ, ಮಕ್ಕಳ ವೈದ್ಯನಿಗೆ ತಂದೆತಾಯಿಗಳೇ ಸಾಕ್ಷಿಗಳು, ಸಹಾಯಕರು. ಅವರನ್ನು ಶಂಕಿಸುವುದೆಂದರೆ ತನ್ನ ವೃತ್ತಿ ನಿಂತ ನೆಲವನ್ನೇ ಶಂಕಿಸಿದಂತೆ. ಎರಡನೆಯದಾಗಿ, ಕ್ಷ-ಕಿರಣ ತಜ್ಞನ ಮುಂದಿರುವುದು ಚಿತ್ರ; ಮನೆಯವರೊಡನೆ ವ್ಯವಹರಿಸುವವರು ಬೇರೆಯವರು. ಕಂಡವನಿಗೆ ಮಾತನಾಡುವ ಸಂದರ್ಭವಿಲ್ಲ, ಮಾತನಾಡುವವನು ಕಂಡಿಲ್ಲ. ಮೂರನೆಯದಾಗಿ, ಮತ್ತು ನಮ್ಮ ದೃಷ್ಟಿಯಲ್ಲಿ ಮುಖ್ಯವಾಗಿ, ವೈದ್ಯನು ಸತ್ಯವನ್ನು ಅರಿತರೂ ಅದನ್ನು ತಿಳಿಸಬೇಕಾದ ಕರ್ತವ್ಯವನ್ನು ಗೊತ್ತುಪಡಿಸಿದ, ತಿಳಿಸಿದವನಿಗೆ ರಕ್ಷಣೆ ಕೊಡುವ ವ್ಯವಸ್ಥೆ ಇರಲಿಲ್ಲ. ಕ್ಯಾಫಿಯವರ ಪ್ರಬಂಧದ ಶೀರ್ಷಿಕೆ ಎರಡು ದೈಹಿಕ ಲಕ್ಷಣಗಳನ್ನು ಜೊತೆಗಿಟ್ಟು ಹೇಳುತ್ತದೆ, ಅಷ್ಟೆ. ಕೆಂಪರ ಶೀರ್ಷಿಕೆ ಕೃತ್ಯವನ್ನೇ ಹೆಸರಿಸುತ್ತದೆ. ಹೆಸರೂ ಸಂಖ್ಯೆಯೂ ಸೇರಿದ ಮೇಲೆ ಶಾಸನಸಭೆಗಳು ಕಿವಿಗೊಟ್ಟುವು. ಪ್ರಮಾಣ ಜ್ಞಾನವಾಗಬೇಕಾದರೆ ಅದನ್ನು ಸ್ವೀಕರಿಸುವ ಸ್ಥಾನವೊಂದು ಸಮಾಜದಲ್ಲಿರಬೇಕೆಂಬುದು ಇದರಿಂದ ಸಿದ್ಧವಾಗುತ್ತದೆ.

ಕ್ಯಾಫಿಯವರ ಕಥೆ ಇಲ್ಲಿಗೆ ಮುಗಿದಿದ್ದರೆ ಅದು ಸರಳವಾದ ವಿಜಯಗಾಥೆಯಾಗುತ್ತಿತ್ತು. ಕೊಲಂಬಿಯದಿಂದ ನಿವೃತ್ತರಾಗಿ ಪಿಟ್ಸ್‌ಬರ್ಗಿನ ಮಕ್ಕಳ ಆಸ್ಪತ್ರೆಯನ್ನು ಸೇರಿದ ಅವರು 1972 ಮತ್ತು 1974ರಲ್ಲಿ ಮತ್ತೆರಡು ಪ್ರಬಂಧಗಳನ್ನು ಬರೆದರು. ಶಿಶುವನ್ನು ಹಿಡಿದು ಬಲವಾಗಿ ಅಲುಗಾಡಿಸಿದರೆ ಹೊರಗೆ ಗಾಯದ ಗುರುತಿಲ್ಲದೆಯೇ ಮಿದುಳಿನ ಸುತ್ತಲೂ ಕಣ್ಣಿನ ಒಳಪದರದಲ್ಲಿಯೂ ರಕ್ತಸ್ರಾವವಾಗಬಹುದೆಂಬುದು ಅವುಗಳ ವಾದ. ಇಂಗ್ಲೆಂಡಿನ ಶಸ್ತ್ರವೈದ್ಯ ಗತ್‌ಕೆಲ್ಚ್ 1971ರಲ್ಲಿ ಇದೇ ಬಗೆಯ ಊಹೆಯನ್ನು ಮಂಡಿಸಿದ್ದರು. ಗಮನಾರ್ಹವಾದ ಸಂಗತಿಯೆಂದರೆ, ಮೂಳೆಯನ್ನೇ ನಂಬಿ ಮಾತನ್ನು ಶಂಕಿಸಿದ್ದ ಕ್ಯಾಫಿಯವರು 1972ರಲ್ಲಿ ಒಬ್ಬ ದಾದಿಯ ತಪ್ಪೊಪ್ಪಿಗೆಯ ವೃತ್ತಾಂತವನ್ನು ಪ್ರಬಲವಾದ ಆಧಾರವಾಗಿ ಬಳಸಿಕೊಂಡರು. ಕಾಲಕ್ರಮದಲ್ಲಿ ಮಿದುಳಿನ ಹೊರಪೊರೆಯಡಿಯ ರಕ್ತಸ್ರಾವ, ಕಣ್ಣಿನ ರಕ್ತಸ್ರಾವ, ಮಿದುಳಿನ ಹಾನಿ ಎಂಬ ಮೂರು ಲಕ್ಷಣಗಳಿದ್ದರೆ ಅಪರಾಧವೇ ಸಿದ್ಧವಾಯಿತೆಂದು ಭಾವಿಸುವ ಪರಿಪಾಠ ಹಲವು ನ್ಯಾಯಾಲಯಗಳಲ್ಲಿ ಬೆಳೆಯಿತು. ಇದನ್ನು ಕುರಿತು ಗತ್‌ಕೆಲ್ಚ್ ಅವರೇ 2012ರಲ್ಲಿ ಆತಂಕವನ್ನು ವ್ಯಕ್ತಪಡಿಸಿದರು. ಆ ಮೂರು ಲಕ್ಷಣಗಳಿಂದಲೇ ಅಲುಗಾಡಿಸಿದುದನ್ನು ನಿರ್ಣಯಿಸುವ ಕ್ರಮಕ್ಕೆ ವೈಜ್ಞಾನಿಕ ಆಧಾರ ಸಾಲದೆಂದು ಸ್ವೀಡನ್ನಿನ ಸರ್ಕಾರಿ ಪರಿಶೀಲನಾ ಸಂಸ್ಥೆ 2016ರಲ್ಲಿ ಅಭಿಪ್ರಾಯಪಟ್ಟಿತು. ಅಮೆರಿಕದ ಮಕ್ಕಳ ವೈದ್ಯರ ಅಕಾಡೆಮಿಯಾದರೋ ಇಂಥ ಹಿಂಸೆಯ ವಾಸ್ತವವನ್ನು ಒಪ್ಪಿಕೊಂಡೇ, ಒಂದು ಬಗೆಯ ಕೃತ್ಯವನ್ನು ಮಾತ್ರ ಸೂಚಿಸದ ವಿಶಾಲವಾದ ಹೆಸರನ್ನು ಬಳಸಬೇಕೆಂದು 2009ರಲ್ಲಿ ಸಲಹೆ ಮಾಡಿತ್ತು.

ಈ ಚರ್ಚೆ ನಮ್ಮ ದೇಶಕ್ಕೆ ಸಂಬಂಧಿಸದ ವಿಚಾರವೇನೂ ಅಲ್ಲ. ಮಕ್ಕಳ ಮೇಲಿನ ಲೈಂಗಿಕ ಅಪರಾಧವನ್ನು ತಿಳಿದವರು ವರದಿ ಮಾಡಲೇಬೇಕೆಂದು 2012ರ ಕಾಯಿದೆ ನಮ್ಮಲ್ಲಿಯೂ ವಿಧಿಸಿದೆ. ಮಗುವಿನ ಹೊಣೆ ಹೊತ್ತವರು ಎಸಗುವ ಕ್ರೌರ್ಯವನ್ನು 2015ರ ಬಾಲನ್ಯಾಯ ಕಾಯಿದೆ ಶಿಕ್ಷಾರ್ಹವೆಂದು ಸಾರುತ್ತದೆ. ಕಾನೂನು ಸ್ಥಾನವನ್ನು ಕಲ್ಪಿಸಿಕೊಟ್ಟಿದೆ. ಅಲ್ಲಿಗೆ ತರುವ ಪ್ರಮಾಣವನ್ನು ಹೇಗೆ ಓದಬೇಕೆಂಬುದು ಕಾನೂನು ಕಲಿಸಿಕೊಡಬಲ್ಲ ವಿದ್ಯೆಯಲ್ಲ.

ಆ ವಿದ್ಯೆಗೆ ಕ್ಯಾಫಿಯವರ ಜೀವನದಲ್ಲಿ ಎರಡು ಪಾಠಗಳಿವೆ. 1946ರ ಪ್ರಬಂಧದಲ್ಲಿ ಆಧಾರ ಹೆಚ್ಚು, ನಿರ್ಣಯ ಕಡಮೆ. ಅದರ ಬೆಲೆಯನ್ನು ತೆತ್ತವರು ಮನೆಗೆ ಹಿಂದಿರುಗಿದ ಶಿಶುಗಳು. 1970ರ ದಶಕದ ಪ್ರಬಂಧಗಳಲ್ಲಿ ಆಧಾರಕ್ಕಿಂತ ನಿರ್ಣಯ ಮುಂದೆ ನಡೆಯಿತು. ಅದರ ಬೆಲೆಯನ್ನು ತೆತ್ತವರಲ್ಲಿ ತಪ್ಪಿಲ್ಲದೆ ಆರೋಪಕ್ಕೆ ಗುರಿಯಾದ ಪಾಲಕರೂ ಇದ್ದಾರೆ. ಈ ಎರಡರ ನಡುವಣ ದಾರಿಯನ್ನು ಥೈಮಸ್ ಗ್ರಂಥಿಯ ಪ್ರಸಂಗದಲ್ಲಿ ಅವರೇ ತೋರಿಸಿದ್ದರು: ಮೊದಲು ಸಹಜವನ್ನು ಅರಿಯಬೇಕು, ಬೇರೆ ಕಾರಣಗಳನ್ನು ಒಂದೊಂದಾಗಿ ಪರೀಕ್ಷಿಸಬೇಕು, ಉಳಿದುದನ್ನು ಅಂಜದೆ ಹೇಳಬೇಕು. ಮಾತು ಬಾರದ ಶಿಶುವಿನ ಪರವಾಗಿ ಅದರ ಮೂಳೆಯೂ ಮಾತನಾಡಬಲ್ಲುದೆಂದು ತೋರಿಸಿಕೊಟ್ಟ ಕೀರ್ತಿ ಮಾತ್ರ ಅವರಿಗೆ ಸಲ್ಲತಕ್ಕದ್ದು.