ಬಂಡಿಯ ದಂಡ, ಬಸ್ಸಿನ ಜಪ್ತಿ

ಅಪಘಾತದ ಪರಿಹಾರ ಕೊಡದ ಸಾರಿಗೆ ಸಂಸ್ಥೆಯ ಬಸ್ಸನ್ನು ನ್ಯಾಯಾಲಯ ಜಪ್ತಿಮಾಡಿಸಿದ ಸುದ್ದಿ ನಮ್ಮ ವೃತ್ತಪತ್ರಿಕೆಗಳ ಜಿಲ್ಲಾ ಪುಟಗಳಲ್ಲಿ ಆಗಾಗ ಬರುತ್ತದೆ. ಅಮೀನರು ನಿಲ್ದಾಣಕ್ಕೆ ಬಂದು ಆದೇಶವನ್ನು ತೋರಿಸುತ್ತಾರೆ. ಬಸ್ಸು ನ್ಯಾಯಾಲಯದ ಆವರಣವನ್ನು ಸೇರುತ್ತದೆ. ಓದಿದವರು ಮುಗುಳ್ನಕ್ಕು ಪುಟ ಮಗುಚುತ್ತಾರೆ. ನಾನು ಕನ್ನಡ ಪಾಠ ಹೇಳುವವನು, ವಕೀಲನಲ್ಲ. ಆದರೂ ಈ ಪುಟ್ಟ ಸುದ್ದಿಯ ಹಿಂದೆ ದೀರ್ಘವಾದೊಂದು ಇತಿಹಾಸ ನನಗೆ ಕಾಣುತ್ತದೆ.

ಬಂಡಿಯಿಂದ ಹಾನಿಯಾದರೆ ಹೊಣೆ ಯಾರದು? ಪ್ರಶ್ನೆ ಹಳೆಯದು. ಮನುಸ್ಮೃತಿಯ 8ನೆಯ ಅಧ್ಯಾಯ ಇದನ್ನು ವಿವರವಾಗಿಯೇ ಚರ್ಚಿಸುತ್ತದೆ. ಮೂಗುದಾರ ಹರಿದರೆ, ನೊಗ ಮುರಿದರೆ, ಅಚ್ಚು ಮುರಿದರೆ ದಂಡವಿಲ್ಲ. ಸಾರಥಿಗೆ ಕೈ ಪಳಗದೆ ಬಂಡಿ ದಾರಿ ತಪ್ಪಿ ಹಾನಿಯಾದರೆ ಒಡೆಯನಿಗೆ 200 ಪಣ ದಂಡ. ಅಂಥವನನ್ನು ನೇಮಿಸಿದ ತಪ್ಪು ಒಡೆಯನದೆಂಬ ವಿವೇಕ ಮೆಚ್ಚತಕ್ಕದ್ದೇ. ಆದರೆ ದಂಡ ಸಲ್ಲುವುದು ರಾಜನಿಗೆ.

ಇಂಗ್ಲೆಂಡಿನಲ್ಲಿ ಇದಕ್ಕಿಂತ ವಿಚಿತ್ರವಾದ ಪದ್ಧತಿಯಿತ್ತು. ಮನುಷ್ಯನ ಸಾವಿಗೆ ಕಾರಣವಾದ ವಸ್ತು, ಗಾಡಿಯಾಗಲಿ ಕುದುರೆಯಾಗಲಿ, 'ಡಿಯೋಡ್ಯಾಂಡ್' ಆಗುತ್ತಿತ್ತು. ದೇವರಿಗೆ ಕೊಡತಕ್ಕದ್ದು ಎಂದು ಆ ಶಬ್ದದ ಅರ್ಥ. ವಾಸ್ತವದಲ್ಲಿ ಅದರ ಬೆಲೆ ಅರಸೊತ್ತಿಗೆಗೆ ಸೇರುತ್ತಿತ್ತು. 1841ರ ಡಿಸೆಂಬರಿನಲ್ಲಿ ಸಾನಿಂಗ್ ಎಂಬಲ್ಲಿ ನಡೆದ ರೈಲು ಅಪಘಾತಕ್ಕಾಗಿ ಎಂಜಿನು ಮತ್ತು ಗಾಡಿಗಳ ಮೇಲೆ 1000 ಪೌಂಡು ಡಿಯೋಡ್ಯಾಂಡ್ ವಿಧಿಸಲಾಯಿತು. 1846ರಲ್ಲಿ ಪಾರ್ಲಿಮೆಂಟು ಈ ಪದ್ಧತಿಯನ್ನು ರದ್ದುಮಾಡಿತು. ಅದೇ ವರ್ಷ ಲಾರ್ಡ್ ಕ್ಯಾಂಬೆಲ್ಲರ ಕಾಯಿದೆ ಮೃತನ ಹೆಂಡತಿಮಕ್ಕಳಿಗೂ ತಾಯಿತಂದೆಗಳಿಗೂ ಪರಿಹಾರದ ಹಕ್ಕನ್ನು ಕೊಟ್ಟಿತು. 1855ರಲ್ಲಿ ಅಂಥದೇ ಕಾಯಿದೆ ಭಾರತಕ್ಕೂ ಬಂದಿತು. ದಂಡ ಪರಿಹಾರವಾಯಿತು, ರಾಜನ ಕಡೆ ಹೋಗುತ್ತಿದ್ದ ಹಣ ನೊಂದವರ ಮನೆಯ ಕಡೆ ತಿರುಗಿತು.

ಮುಂದೆ 1939ರ ಮೋಟಾರು ವಾಹನ ಕಾಯಿದೆ ವಿಮೆಯನ್ನು ಕಡ್ಡಾಯಗೊಳಿಸಿತು. 1956ರ ತಿದ್ದುಪಡಿಯಿಂದ ಪರಿಹಾರಕ್ಕಾಗಿಯೇ ಪ್ರತ್ಯೇಕ ನ್ಯಾಯಮಂಡಲಿಗಳಿಗೆ ಅವಕಾಶವಾಯಿತು. ಈ ನಡುವೆ 1948ರಲ್ಲಿ ಮೈಸೂರು ಸರ್ಕಾರ 120 ಬಸ್ಸುಗಳೊಡನೆ ರಸ್ತೆ ಸಾರಿಗೆ ಇಲಾಖೆಯನ್ನು ತೆರೆದಿತ್ತು. 1961ರಲ್ಲಿ ಅದು ನಿಗಮವಾಯಿತು. ಇಂಥ ನಿಗಮಗಳಿಗೆ ಕಾನೂನು ಒಂದು ರಿಯಾಯಿತಿಯನ್ನು ತೋರಿಸಿದೆ. ಪರಿಹಾರಕ್ಕಾಗಿ ತಮ್ಮದೇ ನಿಧಿಯನ್ನು ಇಟ್ಟುಕೊಂಡರೆ ಸರ್ಕಾರ ಅವುಗಳಿಗೆ ವಿಮೆಯಿಂದ ವಿನಾಯಿತಿ ಕೊಡಬಹುದು.

ತೊಡಕು ಇಲ್ಲಿಯೇ ಇದೆ. ವಿನಾಯಿತಿ ಪಡೆದ ಬಸ್ಸಿನ ಹಿಂದೆ ವಿಮಾ ಕಂಪನಿಯಿಲ್ಲ. ನಿಧಿ ಬರಿದಾದರೆ, ಅಥವಾ ಕಡತ ಒಂದು ಮೇಜಿನಿಂದ ಇನ್ನೊಂದಕ್ಕೆ ಸಾಗುವುದು ತಡವಾದರೆ, ತೀರ್ಪು ಕಾಗದವಾಗಿಯೇ ಉಳಿಯುತ್ತದೆ. ಗೆದ್ದವರು ಮತ್ತೆ ಅಮಲ್ಜಾರಿ ಅರ್ಜಿ ಹಾಕಬೇಕು. 1988ರ ಕಾಯಿದೆಯ 174ನೆಯ ಕಲಮಿನಂತೆ ಬಾಕಿಯನ್ನು ಭೂಕಂದಾಯದ ಬಾಕಿಯೆಂದೇ ವಸೂಲು ಮಾಡಬಹುದು. ಸಿವಿಲ್ ಡಿಕ್ರಿಯಂತೆ ತೀರ್ಪನ್ನು ಜಾರಿಮಾಡುವ ಅಧಿಕಾರವನ್ನು 2019ರ ತಿದ್ದುಪಡಿ ನ್ಯಾಯಮಂಡಲಿಗೇ ಸ್ಪಷ್ಟವಾಗಿ ಕೊಟ್ಟಿದೆ. ಜಪ್ತಿ ಅದರ ಒಂದು ದಾರಿ.

ಹೀಗೆ ನಾವು ಒಂದು ಸುತ್ತು ಬಂದು ಮತ್ತೆ ಬಂಡಿಯನ್ನೇ ಹಿಡಿದು ನಿಲ್ಲಿಸುತ್ತಿದ್ದೇವೆ. ಡಿಯೋಡ್ಯಾಂಡಿನ ಹಣ ಅರಸನಿಗೆ. ಈ ಜಪ್ತಿಯ ಹಣ ಮನೆಯ ಯಜಮಾನನನ್ನು ಕಳೆದುಕೊಂಡ ಸಂಸಾರಕ್ಕೆ. ಈ ವ್ಯತ್ಯಾಸ ಸಣ್ಣದಲ್ಲ. ಆದರೆ ಬಸ್ಸು ನಿಂತರೆ ಅದನ್ನೇ ನಂಬಿದ ಹಳ್ಳಿಯ ವಿದ್ಯಾರ್ಥಿಗಳೂ ಕೂಲಿಗಾರರೂ ದಾರಿಯಲ್ಲಿ ಉಳಿಯುತ್ತಾರೆ. ಸಾಲ ಒಬ್ಬರದು, ಕಷ್ಟ ಮತ್ತೊಬ್ಬರಿಗೆ.

'ಅಮೀನ' ಎಂಬುದು ಅರಬ್ಬಿಯಿಂದ ಬಂದ ಶಬ್ದ. ನಂಬಿಕಸ್ಥ ಎಂದು ಅದರ ಅರ್ಥ. ವಿಮೆ ಬೇಡವೆಂದಾಗ ಕಾನೂನು ನಂಬಿದ್ದು ಸಾರಿಗೆ ಸಂಸ್ಥೆಯನ್ನು. ಆ ನಂಬಿಕೆಯನ್ನು ಸಂಸ್ಥೆ ಉಳಿಸಿಕೊಂಡರೆ, ಪರಿಹಾರಕ್ಕಾಗಿ ಅಮೀನರು ಬಸ್ ನಿಲ್ದಾಣಕ್ಕೆ ಬರಬೇಕಾದ ಪ್ರಮೇಯವೇ ಇರುವುದಿಲ್ಲ.