ರೌವೊಲ್ಫನ ಹೆಸರು, ಸರ್ಪಗಂಧಿಯ ಬೇರು

ಬೆಳಗಿನ ವಾರ್ತೆಗೆ ಕಿವಿಗೊಡುವ ಹೊತ್ತಿನಲ್ಲಿ ಕೈಯಲ್ಲೊಂದು ಕಾಫಿಯ ಲೋಟವಿಲ್ಲದ ಮನೆ ನಮ್ಮ ಊರುಗಳಲ್ಲಿ ವಿರಳ. ನಿದ್ದೆಯನ್ನು ಓಡಿಸುವ ಈ ಪೇಯದ ಸಂಗತಿಯನ್ನು ಯೂರೋಪಿನವರಿಗೆ ಮೊದಮೊದಲು ಬರೆದು ತಿಳಿಸಿದವರಲ್ಲಿ ಜರ್ಮನಿಯ ಔಗ್ಸ್‌ಬರ್ಗ್ ನಗರದ ಒಬ್ಬ ವೈದ್ಯನೂ ಉಂಟು. ಅವನ ಹೆಸರು ಲಿಯೊನ್‌ಹಾರ್ಟ್ ರೌವೊಲ್ಫ್. ವಿಚಿತ್ರವೆಂದರೆ, ನಿದ್ದೆಯನ್ನು ತರುವ, ಕೆರಳಿದ ಮನಸ್ಸನ್ನು ತಣಿಸುವ ನಮ್ಮ ದೇಶದ ಗಿಡವೊಂದಕ್ಕೂ ಇದೇ ಹೆಸರು ಅಂಟಿಕೊಂಡಿದೆ. ಆ ಗಿಡ ಬೆಳೆಯುವ ನಾಡಿಗೆ ಅವನು ಕಾಲಿಟ್ಟವನೇ ಅಲ್ಲ!

ಹದಿನಾರನೆಯ ಶತಮಾನದಲ್ಲಿ ವೈದ್ಯನಾದವನು ಸಸ್ಯಜ್ಞನೂ ಆಗಿರಬೇಕಾಗಿತ್ತು. ಗ್ರೀಕರೂ ಅರಬರೂ ತಮ್ಮ ಗ್ರಂಥಗಳಲ್ಲಿ ವರ್ಣಿಸಿದ ಮೂಲಿಕೆಗಳನ್ನು ಅವು ಬೆಳೆಯುವ ನೆಲದಲ್ಲಿಯೇ ನೋಡಬೇಕೆಂಬುದು ರೌವೊಲ್ಫನ ಹಂಬಲ. 1573ರಲ್ಲಿ ಹೊರಟ ಅವನು ಸಿರಿಯದ ಅಲೆಪ್ಪೊ ನಗರದಲ್ಲಿ ತಂಗಿ, ಯೂಫ್ರಟೀಸ್ ನದಿಯಗುಂಟ ಸಾಗಿ, ಬಾಗ್ದಾದನ್ನು ಮುಟ್ಟಿದನು. 1582ರಲ್ಲಿ ಅವನ ಪ್ರವಾಸಗ್ರಂಥ ಅಚ್ಚಾಯಿತು. ಮಸಿಯಂತೆ ಕಪ್ಪಾದ ಬಿಸಿ ಪೇಯವನ್ನು ಅಲೆಪ್ಪೊದ ಜನ ಬೆಳಗಿನಲ್ಲಿ ಕಲೆತು ಕುಡಿಯುವ ಬಗೆಯನ್ನು ಅದರಲ್ಲಿ ವಿವರಿಸಿದ್ದಾನೆ. 1596ರಲ್ಲಿ ಹಂಗೆರಿಯ ರಣಭೂಮಿಯಲ್ಲಿ ಸೇನೆಯ ವೈದ್ಯನಾಗಿದ್ದಾಗ ತೀರಿಕೊಂಡನು. ಅವನು ಒಣಗಿಸಿ ಕೂಡಿಟ್ಟ ಸಸ್ಯಗಳು ಹಾಲೆಂಡಿನ ಲೈಡನ್ನಿನಲ್ಲಿ ಉಳಿದು ಬಂದಿವೆ.

ಮುಂದೆ 1703ರಲ್ಲಿ ಪ್ಲೂಮಿಯೆ ಎಂಬ ಫ್ರೆಂಚ್ ಸಂನ್ಯಾಸಿ, ಸ್ವತಃ ಸಸ್ಯಶಾಸ್ತ್ರಜ್ಞ, ಅಮೆರಿಕದ ಒಂದು ಸಸ್ಯಕುಲಕ್ಕೆ ರೌವೊಲ್ಫನ ನೆನಪಿನಲ್ಲಿ ಹೆಸರಿಟ್ಟನು. ನಮ್ಮ ಗಿಡವೂ ಅದೇ ಕುಲಕ್ಕೆ ಸೇರಿದ್ದೆಂದು ನಂತರದ ವಿದ್ವಾಂಸರು ನಿರ್ಣಯಿಸಿದರು. ಹೀಗೆ ಅದು ಶಾಸ್ತ್ರಲೋಕದಲ್ಲಿ ‘ರೌವೊಲ್ಫಿಯ ಸರ್ಪೆಂಟೈನ’ ಆಯಿತು.

ನಮ್ಮವರಿಗಾದರೋ ಅದು ಸರ್ಪಗಂಧಿ. ಸೂತ್ರನಾಭಿ, ಪಾತಾಳಗಂಧಿ ಎಂದೂ ಕನ್ನಡದಲ್ಲಿ ಹೆಸರುಂಟು. ಪಶ್ಚಿಮ ಘಟ್ಟದ ತೇವದ ನೆರಳಿನಲ್ಲಿಯೂ ಹಿಮಾಲಯದ ತಪ್ಪಲಿನಲ್ಲಿಯೂ ಬೆಳೆಯುವ ಪುಟ್ಟ ಗಿಡ. ಕೆಂಪು ತೊಟ್ಟಿನ ಬಿಳಿ ಹೂ, ಮಾಗಿದಾಗ ಕಪ್ಪಾಗುವ ಹಣ್ಣು. ಗುಣವಿರುವುದು ಕಹಿಯಾದ ಬೇರಿನಲ್ಲಿ. ಬಿಹಾರದ ಹಳ್ಳಿಗರು ಇದನ್ನು ‘ಪಾಗಲ್ ಕೀ ದವಾ’, ಅಂದರೆ ಹುಚ್ಚಿನ ಮದ್ದು, ಎಂದೇ ಕರೆಯುತ್ತಿದ್ದರು.

ಈ ಮಾತನ್ನು ಒರೆಗೆ ಹಚ್ಚಿದವರು ಭಾರತೀಯರೇ. 1931ರಲ್ಲಿ ಕಲ್ಕತ್ತೆಯ ಗಣನಾಥ ಸೇನ್ ಮತ್ತು ಕಾರ್ತಿಕಚಂದ್ರ ಬೋಸ್ ಎಂಬ ವೈದ್ಯರು ಉನ್ಮಾದಕ್ಕೂ ರಕ್ತದ ಒತ್ತಡಕ್ಕೂ ಈ ಬೇರು ಮದ್ದಾಗುವುದೆಂದು ಲೇಖನ ಪ್ರಕಟಿಸಿದರು. ಅದೇ ವರ್ಷ ದೆಹಲಿಯಲ್ಲಿ ಸಲೀಮುಜ್ಜಮಾನ್ ಸಿದ್ದೀಕಿ ಅವರು ಬೇರಿನಿಂದ ಒಂದು ಸತ್ತ್ವವನ್ನು ಬೇರ್ಪಡಿಸಿ, ಹಕೀಮ್ ಅಜ್ಮಲ್ ಖಾನರ ಸ್ಮರಣೆಗಾಗಿ ‘ಅಜ್ಮಲಿನ್’ ಎಂದು ಹೆಸರಿಟ್ಟರು. 1949ರಲ್ಲಿ ಮುಂಬಯಿಯ ಡಾಕ್ಟರ್ ರುಸ್ತುಂ ಜಾಲ್ ವಕೀಲ್ ಅವರು ಬ್ರಿಟನ್ನಿನ ಹೃದ್ರೋಗ ಪತ್ರಿಕೆಯಲ್ಲಿ ಬರೆದ ಮೇಲೆ ಹೊರಜಗತ್ತು ಕಣ್ತೆರೆಯಿತು. 1952ರಲ್ಲಿ ಸ್ವಿಟ್ಸರ್‌ಲೆಂಡಿನ ಬಾಸೆಲ್ ನಗರದಲ್ಲಿ ‘ರೆಸರ್ಪಿನ್’ ಎಂಬ ಮುಖ್ಯ ಸತ್ತ್ವ ದೊರೆಯಿತು. 1954ರಲ್ಲಿ ನ್ಯೂಯಾರ್ಕಿನ ನೇಥನ್ ಕ್ಲೈನ್, ಮಾನಸಿಕ ರೋಗಿಗಳ ಮೇಲೆ ಅದರ ಪರಿಣಾಮವನ್ನು ವರದಿ ಮಾಡಿದರು.

ಆದರೆ ಮದ್ದು ಬರಿಯ ಶಾಂತಿಯನ್ನಷ್ಟೇ ತರಲಿಲ್ಲ. ಕೆಲವರಿಗೆ ದುಃಸ್ವಪ್ನಗಳು ಬಿದ್ದವು. ಕೆಲವರನ್ನು ಕಡುವಿಷಾದ ಕವಿಯಿತೆಂದು ವೈದ್ಯರು ಬರೆದರು. ಕಾರಣವನ್ನು ಹುಡುಕಹೊರಟವರಿಗೆ ಹೊಸದೊಂದು ಬಾಗಿಲು ತೆರೆಯಿತು. ನರಗಳ ತುದಿಯಲ್ಲಿ ಕೂಡಿಟ್ಟಿರುವ ಕೆಲವು ರಾಸಾಯನಿಕಗಳನ್ನು ರೆಸರ್ಪಿನ್ ಬರಿದುಮಾಡುತ್ತದೆ. 1957ರಲ್ಲಿ ಸ್ವೀಡನ್ನಿನ ಆರ್ವಿಡ್ ಕಾರ್ಲ್‌ಸನ್, ಇದರಿಂದ ಮರಗಟ್ಟಿ ಕುಳಿತ ಮೊಲಗಳಿಗೆ ‘ಎಲ್-ಡೋಪಾ’ ಎಂಬ ವಸ್ತುವನ್ನು ಕೊಟ್ಟಾಗ ಅವು ಮತ್ತೆ ಓಡಾಡಿದವು. ನಡುಕದ ಕಾಯಿಲೆಯಾದ ಪಾರ್ಕಿನ್ಸನ್ ರೋಗದ ಚಿಕಿತ್ಸೆಗೆ ಹಾದಿಯಾದುದು ಈ ಶೋಧನೆಯೇ. 2000ದಲ್ಲಿ ಕಾರ್ಲ್‌ಸನ್ ನೊಬೆಲ್ ಬಹುಮಾನ ಪಡೆದವರಲ್ಲೊಬ್ಬರಾದರು. ನಗುವಿಗೂ ಅಳುವಿಗೂ ಕನಸಿಗೂ ದೇಹದಲ್ಲಿ ಒಂದು ನೆಲೆಯಿದೆಯೆಂಬ ತಿಳಿವಳಿಕೆಯನ್ನು ಬೆಳೆಸಿದುದರಲ್ಲಿ ನಮ್ಮ ಕಾಡಿನ ಬೇರಿಗೂ ಪಾಲುಂಟು. ಮನೋರೋಗಕ್ಕೆ ಬೇರೆ ಔಷಧಗಳು ಬಂದ ಮೇಲೆ ರೆಸರ್ಪಿನ್ ಹಿಂದೆ ಸರಿಯಿತು. ಇಷ್ಟು ಪ್ರಬಲವಾದ ವಸ್ತುವನ್ನು ವೈದ್ಯರ ಸಲಹೆಯಿಲ್ಲದೆ ಯಾರೂ ಮುಟ್ಟತಕ್ಕದ್ದಲ್ಲವೆಂಬುದನ್ನು ಬೇರೆ ಹೇಳಬೇಕಾಗಿಲ್ಲ.

ಕೀರ್ತಿಯೇ ಗಿಡಕ್ಕೆ ಕುತ್ತಾಯಿತು. ಎಲೆ ಕಿತ್ತರೆ ಗಿಡ ಚಿಗುರೀತು. ಬೇರನ್ನೇ ಅಗೆದರೆ ಉಳಿಯುವುದೇನು? ಬೇಡಿಕೆ ಏರಿದಂತೆಲ್ಲ ಕಾಡಿನಲ್ಲಿ ಗಿಡ ವಿರಳವಾಯಿತು. ಅಳಿವಿಗೆ ತುತ್ತಾಗಬಲ್ಲ ಜೀವಜಾತಿಗಳ ವ್ಯಾಪಾರವನ್ನು ಹದ್ದಿನಲ್ಲಿಡುವ ಅಂತರರಾಷ್ಟ್ರೀಯ ಒಪ್ಪಂದದ ಪಟ್ಟಿಗೆ 1990ರಲ್ಲಿ ಇದು ಸೇರಿತು.

ಗಿಡದ ಮೇಲೆ ರೌವೊಲ್ಫನ ಹೆಸರು ನಿಂತಿದೆ. ಜ್ಞಾನಕ್ಕಾಗಿ ಮರುಭೂಮಿ ದಾಟಿದವನಿಗೆ ಅದು ಸಲ್ಲಲಿ, ಅದರಲ್ಲಿ ಮತ್ಸರವೇಕೆ? ಆದರೆ ಈ ಬೇರಿನ ಗುಣವನ್ನು ತಲೆಮಾರುಗಳ ಕಾಲ ಕಾಪಾಡಿದ ಹಳ್ಳಿಯ ಮದ್ದಿನವರ ಹೆಸರು ಯಾವ ಗ್ರಂಥದಲ್ಲಿಯೂ ಇಲ್ಲ. ಅವರ ಋಣವನ್ನು ತೀರಿಸುವ ದಾರಿ ಒಂದೇ. ಅವರು ಕಂಡ ಗಿಡವನ್ನು ನಮ್ಮ ಮೊಮ್ಮಕ್ಕಳೂ ಕಾಡಿನಲ್ಲಿ ಕಾಣುವಂತೆ ಉಳಿಸಬೇಕು.